ಮೊಗ್ಲಿಂಗ್–ವೈಗ್ಲೆಯವರ ಕನ್ನಡ ಕ್ರಿಸ್ತಗೀತಗಳು

ಬೆಂಗಳೂರು ದಂಡಿನ ಪ್ರದೇಶದ ಪೂರ್ವಭಾಗದಲ್ಲಿ ಕುಕ್ ಟೌನ್ ಎಂಬ ಬಡಾವಣೆಯುಂಟು. ದಂಡಿನ ಪೌರಾಡಳಿತದಲ್ಲಿದ್ದ ಜಿ. ಎಚ್. ಕುಕ್ ಎಂಬ ಆಂಗ್ಲನ ಹೆಸರಿನಿಂದ ಅದು ಪ್ರಸಿದ್ಧವಾಯಿತು. ಬಹುಕಾಲದ ಮೇಲೆ ಅದಕ್ಕೆ ಸರ್ವಜ್ಞನಗರವೆಂದು ನಾಮಕರಣ ಮಾಡಿದರಾದರೂ ಜನರ ಬಾಯಲ್ಲಿ ಹಳೆಯ ಹೆಸರೇ ನಿಂತಿದೆ. ಆ ಬೀದಿಗಳಲ್ಲಿ ಭಾನುವಾರ ಬೆಳಿಗ್ಗೆ ನಡೆದು ಹೋಗುವವನಿಗೆ ಇಂಗ್ಲೀಷು, ತಮಿಳು, ಕನ್ನಡ ಈ ಮೂರು ಭಾಷೆಗಳ ಕ್ರೈಸ್ತಗಾನವೂ ಕಿವಿಗೆ ಬೀಳುವುದುಂಟು. ಊರಿನ ಹೊಸ ಹೆಸರಿಗೂ ಈ ಗಾನಕ್ಕೂ ಸಂಬಂಧವಿಲ್ಲವೆಂದು ಮೊದಲ ನೋಟಕ್ಕೆ ತೋರಬಹುದು, ಆದರೆ ಸಂಬಂಧವುಂಟು. ಸರ್ವಜ್ಞನ ತ್ರಿಪದಿಗಳನ್ನು ಊರೂರು ತಿರುಗಿ ಕೂಡಿಸಿ, ಪರಿಷ್ಕರಿಸಿ, 1924ರಲ್ಲಿ ಪ್ರಕಟಿಸಿದ ಮಹನೀಯರು ಬಾಸೆಲ್ ಮಿಶನ್ ಸಭೆಯ ಪಾದ್ರಿಗಳಾಗಿದ್ದ ಚನ್ನಪ್ಪ ಉತ್ತಂಗಿಯವರು. ಅಂದರೆ ನಮ್ಮ ಜನಪದದ ಅತ್ಯಂತ ಬಳಕೆಯ ಮಟ್ಟು ಕ್ರೈಸ್ತ ಉಪದೇಶಕರೊಬ್ಬರ ಕೈಯಿಂದ ಗ್ರಂಥರೂಪಕ್ಕೆ ಬಂದಿತು. ಹಾಗಿದ್ದ ಮೇಲೆ ಕನ್ನಡ ಕ್ರಿಸ್ತಗೀತಗಳು ಆ ಮಟ್ಟಿನಲ್ಲಿ ಏಕೆ ಹುಟ್ಟಲಿಲ್ಲ? ಈ ಪ್ರಶ್ನೆಯನ್ನು ಬಿಡಿಸಬೇಕಾದರೆ ಆ ಗೀತಗಳ ಮೊದಲ ಕರ್ತರಾದ ಇಬ್ಬರ ಬಳಿಗೆ, ಬೆಂಗಳೂರನ್ನು ಬಿಟ್ಟು ಮಂಗಳೂರಿಗೆ, ಹೋಗಬೇಕಾಗುತ್ತದೆ.

ಹೆರ್ಮನ್ ಮೊಗ್ಲಿಂಗ್ 1811ರಲ್ಲಿ ಜರ್ಮನಿಯ ವ್ಯುರ್ಟೆಂಬೆರ್ಗ್ ಸೀಮೆಯಲ್ಲಿ ಹುಟ್ಟಿ, 1836ರಲ್ಲಿ ಮಂಗಳೂರಿಗೆ ಬಂದವನು. ಅವನ ದಾಯಾದಿಯಾದ ಗಾಟ್‌ಫ್ರೀಡ್ ವೈಗ್ಲೆ 1816ರಲ್ಲಿ ಹುಟ್ಟಿ, 1840ರಲ್ಲಿ ಬಂದು ಸೇರಿದನು. ಮೊಗ್ಲಿಂಗನ ಹೆಸರನ್ನು ವಾಚಕರೆಲ್ಲರೂ ಬಲ್ಲರು. 1843ರ ಜುಲೈ ತಿಂಗಳಲ್ಲಿ ‘ಮಂಗಳೂರ ಸಮಾಚಾರ’ವನ್ನು ಹೊರಡಿಸಿ ಕನ್ನಡ ಪತ್ರಿಕೆಗಳಿಗೆ ಮೊದಲಿಗನಾದವನು ಅವನು. ವೈಗ್ಲೆಯ ಹೆಸರು ಅಷ್ಟು ಪ್ರಸಿದ್ಧವಲ್ಲ. ಕನ್ನಡ ಬೈಬಲ್ಲಿನ ಪರಿಷ್ಕರಣದಲ್ಲಿ ದುಡಿದು, ಜರ್ಮನ್ ಪ್ರಾಚ್ಯವಿದ್ಯಾ ಪತ್ರಿಕೆಯಲ್ಲಿ 1848ರಲ್ಲಿ ಕನ್ನಡ ಭಾಷೆ ಮತ್ತು ಸಾಹಿತ್ಯಗಳನ್ನು ಕುರಿತು ಲೇಖನವನ್ನು ಬರೆದು, 1855ರಲ್ಲಿ, ನಲವತ್ತು ತುಂಬುವುದಕ್ಕೆ ಮುಂಚೆಯೇ ತೀರಿಕೊಂಡನು. ಇವರೀರ್ವರೂ ಕೂಡಿ ಸಭೆಯವರು ಹಾಡುವುದಕ್ಕೆಂದು ಕನ್ನಡದಲ್ಲಿ ಗೀತಗಳನ್ನು ರಚಿಸಿದರು. ಜೋಡಿಯಾಗಿ ಅವರು ನಡೆಸಿದ ಕೆಲಸದ ಕಾಲವು ಹದಿನೈದು ವರ್ಷಗಳಿಗೆ ಮೀರದು. ಅದರಲ್ಲಿಯೂ ಕೊನೆಯ ವರ್ಷಗಳಲ್ಲಿ, 1853ರಿಂದ, ಮೊಗ್ಲಿಂಗನು ಕೊಡಗಿನಲ್ಲಿದ್ದನು.

ಈ ಗೀತಗಳನ್ನು ಕುರಿತು ನಮ್ಮ ಸಾಹಿತ್ಯಚರಿತ್ರೆಗಳಲ್ಲಿ ಎರಡು ಬಗೆಯ ವರ್ತನೆ ಕಾಣುತ್ತದೆ. ಬಹುಕಾಲದವರೆಗೆ ಇವುಗಳ ಮಾತನ್ನೇ ಯಾರೂ ಎತ್ತುತ್ತಿರಲಿಲ್ಲ. ಹೊಸಗನ್ನಡ ಕವಿತೆಯು ಹಟ್ಟಿಯಂಗಡಿ ನಾರಾಯಣರಾಯರ ‘ಆಂಗ್ಲ ಕವಿತಾವಳಿ’ (1919), ಶ್ರೀ ಬಿ. ಎಂ. ಶ್ರೀಕಂಠಯ್ಯನವರ ‘ಇಂಗ್ಲಿಷ್ ಗೀತಗಳು’ ಇವುಗಳಿಂದ ಆರಂಭವಾಯಿತೆಂದು ಹೇಳಿ ಮುಗಿಸುತ್ತಿದ್ದರು. ಶ್ರೀನಿವಾಸ ಹಾವನೂರರ ‘ಹೊಸಗನ್ನಡದ ಅರುಣೋದಯ’ (1974) ಹತ್ತೊಂಬತ್ತನೆಯ ಶತಮಾನದ ಬರಹಗಳನ್ನು ಬೆಳಕಿಗೆ ತಂದಮೇಲೆ ಮಾತಿನ ದಿಕ್ಕು ಬದಲಾಯಿಸಿ, ಕನ್ನಡದ ಮೊದಲ ಭಾವಗೀತಕಾರರು ಈ ಜರ್ಮನರೇ ಎಂಬ ಮಾತು ಅಲ್ಲಲ್ಲಿ ಕೇಳಬರತೊಡಗಿತು. ಮೊದಲನೆಯದು ಅಲಕ್ಷ್ಯ. ಎರಡನೆಯದು, ನಮ್ಮ ಅಭಿಪ್ರಾಯದಲ್ಲಿ, ಅವಸರ. ಕಾಲಗಣನೆಯಿಂದ ನೋಡಿದರೆ ಅದು ನಿಜವೇ. ಕಿವಿಯಿಂದ ನೋಡಿದರೆ ನಿಜವಲ್ಲ. ಗೀತದ ವಿಷಯದಲ್ಲಿ ಕಿವಿಯ ತೀರ್ಪನ್ನು ಕಾಲಗಣನೆಗಿಂತ ಹೆಚ್ಚೆಂದು ಎಣಿಸತಕ್ಕದ್ದು.

ಇದಕ್ಕೆ ಕಾರಣವನ್ನು ಹೇಳಬೇಕು. ಜರ್ಮನ್ ಸಭಾಗೀತದ ರಾಗವು ಒಂದು ಅಕ್ಷರಕ್ಕೆ ಒಂದು ಸ್ವರವೆಂಬ ಲೆಕ್ಕದಲ್ಲಿ, ಹೆಚ್ಚುಕಡಿಮೆ ಸಮವಾದ ಕಾಲಪ್ರಮಾಣದಲ್ಲಿ, ನಿಧಾನವಾಗಿ ಸಾಗುತ್ತದೆ. ಆ ಭಾಷೆಯ ಪದ್ಯಕ್ಕೆ ಆಧಾರವು ಅಕ್ಷರಗಳ ಮೇಲೆ ಬೀಳುವ ಒತ್ತು. ಒತ್ತುಳ್ಳ ಅಕ್ಷರವು ತಾಳದ ಬಡಿತಕ್ಕೆ ಸರಿಯಾಗಿ ಬಿದ್ದರೆ ಸಾಕು, ಉಚ್ಚಾರದ ಹ್ರಸ್ವದೀರ್ಘಗಳು ಹಿಂದುಮುಂದಾದರೂ ಬಾಧಕವಿಲ್ಲ. ಕನ್ನಡದಲ್ಲಾದರೋ ಹ್ರಸ್ವದೀರ್ಘಗಳೇ ಅರ್ಥವನ್ನು ಹೊತ್ತಿವೆ. ‘ಪರ’ ಬೇರೆ, ‘ಪಾರ’ ಬೇರೆ; ‘ಬಲ’ ಬೇರೆ, ‘ಬಾಲ’ ಬೇರೆ. ಇವೆರಡನ್ನೂ ಸಮವಾದ ಸ್ವರಗಳಲ್ಲಿ ಎಳೆದು ಹಾಡಿದಾಗ ಕೇಳುವವನಿಗೆ ಯಾವುದು ಯಾವುದೆಂದು ಪುಸ್ತಕವನ್ನು ನೋಡಿಯೇ ತಿಳಿಯಬೇಕು. ‘ಕರುಣೆ’ ಎಂಬ ಮೂರು ಲಘುಗಳ ಮಾತನ್ನು ತೆಗೆದುಕೊಳ್ಳಿರಿ. ಕ್ರಿಸ್ತಗೀತಗಳಲ್ಲಿ ಇದರಷ್ಟು ಅವಶ್ಯಕವಾದ ಮಾತು ಇನ್ನೊಂದಿಲ್ಲ. ನಮ್ಮ ಬಾಯಲ್ಲಿ ಅದು ಒಂದೇ ನೆಗೆತದಲ್ಲಿ ಹೊರಡುತ್ತದೆ, ಎದ್ದು ಕೇಳುವುದು ಮೊದಲಕ್ಷರ. ಜರ್ಮನ್ ರಾಗಗಳಲ್ಲಿ ಅನೇಕವು ತಾಳಕ್ಕೆ ಮುಂಚೆ ಒಂದು ಬಡಿತವಿಲ್ಲದ ಸ್ವರದಿಂದ ಎತ್ತಿಕೊಳ್ಳುತ್ತವೆ. ಆ ಭಾಷೆಯಲ್ಲಿ ಸಾಲಿನ ಮೊದಲಲ್ಲಿ ಒತ್ತಿಲ್ಲದ ಉಪಪದಗಳೂ ಅವ್ಯಯಗಳೂ ಧಾರಾಳವಾಗಿ ಬರುವುದರಿಂದ ಅಲ್ಲಿ ಅದು ಸಹಜ. ಕನ್ನಡದಲ್ಲಿ ಅಂತಹ ಉಪಪದಗಳಿಲ್ಲ. ಪ್ರತ್ಯಯಗಳೆಲ್ಲ ಹಿಂದೆ ಬರುವುವು, ಧಾತುವು ಮುಂದೆ. ಆದುದರಿಂದ ಅಂತಹ ರಾಗಕ್ಕೆ ‘ಕರುಣೆ’ಯನ್ನು ಹೊಂದಿಸಿದರೆ ಬಡಿತವು ‘ರು’ವಿನ ಮೇಲೆ ಬಿದ್ದು, ಮೊದಲಕ್ಷರವು ಹೊರಗೆ ನಿಂತ ನೆಂಟನಂತಾಗುವುದು.

ಅಂತ್ಯಪ್ರಾಸದ ಕಥೆಯೂ ಇದೇ. ಜರ್ಮನ್ ಗೀತದ ಸಾಲುಗಳು ಕೊನೆಯಲ್ಲಿ ಪ್ರಾಸಗೂಡುತ್ತವೆ. ಅಲ್ಲಿ ಸಾಲಿನ ತುದಿಗೆ ಬರುವುದು ಎಷ್ಟೋ ವೇಳೆ ಅರ್ಥವುಳ್ಳ ಪೂರ್ಣಪದ. ಕನ್ನಡದಲ್ಲಿ ಸಾಲಿನ ತುದಿಗೆ ಬರುವುದು ಪ್ರಾಯಿಕವಾಗಿ ವಿಭಕ್ತಿ, ಇಲ್ಲವೆ ಆಖ್ಯಾತಪ್ರತ್ಯಯ. ‘ಅಲ್ಲಿ’ಗೆ ‘ಅಲ್ಲಿ’, ‘ಇಂದ’ಕ್ಕೆ ‘ಇಂದ’, ‘ದನು’ವಿಗೆ ‘ದನು’. ಕಷ್ಟಪಡದೆ ಸಿಕ್ಕುವ ಪ್ರಾಸವಾದುದರಿಂದ ಅದಕ್ಕೆ ಬೆಲೆಯೂ ಇಲ್ಲ. ನಮ್ಮ ಪೂರ್ವಕವಿಗಳು ಪ್ರಾಸವನ್ನು ಸಾಲಿನ ಎರಡನೆಯ ಅಕ್ಷರದಲ್ಲಿ, ಎಂದರೆ ಧಾತುವು ಬರುವ ಸ್ಥಳದಲ್ಲಿ, ಇಟ್ಟುಕೊಂಡದ್ದು ಕೇವಲ ಲಾಕ್ಷಣಿಕರ ಕಟ್ಟಳೆಯಲ್ಲ. ಅದು ಭಾಷೆಯ ಮೈಕಟ್ಟಿಗೆ ಒಪ್ಪಿದ್ದು. ಗೋವಿಂದ ಪೈಗಳು 1911ರಲ್ಲಿ ಆ ಪ್ರಾಸವನ್ನು ಬಿಟ್ಟರು, ಬಿಟ್ಟದ್ದು ಸರಿಯೇ. ಆದರೆ ಅದು ಏನನ್ನು ಬಿಡುತ್ತಿದ್ದೇವೆಂದು ತಿಳಿದು ಬಿಟ್ಟದ್ದು. ಮಿಶನರಿಗಳು ಅದನ್ನು ಬಿಟ್ಟದ್ದು ರಾಗವು ಬೇಡವೆಂದದ್ದರಿಂದ.

ಬಿ. ಎಂ. ಶ್ರೀಯವರು ಇದೇ ತೊಡಕಿಗೆ ಸಿಕ್ಕಿಯೂ ಹೇಗೆ ಹೊರಬಂದರೆಂಬುದನ್ನು ಹೋಲಿಸಿ ನೋಡಬೇಕು. ಅವರು ಇಂಗ್ಲೀಷು ಪದ್ಯದ ಒತ್ತನ್ನು ಕನ್ನಡಕ್ಕೆ ತರಲು ಹೊರಡಲಿಲ್ಲ. ಮೂರು, ನಾಲ್ಕು, ಐದು ಮಾತ್ರೆಗಳ ಗಣಗಳನ್ನು ಇಟ್ಟುಕೊಂಡು, ಷಟ್ಪದಿಯ ಆರು ಸಾಲಿನ ಕಟ್ಟನ್ನು ಸಡಿಲಿಸಿ, ಆ ಗಣಗಳಿಂದಲೇ ಹೊಸ ಪದ್ಯಬಂಧಗಳನ್ನು ಮಾಡಿದರು. ಬಂಧವು ಹೊರಗಿನದು, ನಡೆ ಒಳಗಿನದು. ಮೊಗ್ಲಿಂಗ್–ವೈಗ್ಲೆಯವರಲ್ಲಿ ಬಂಧವೂ ಹೊರಗಿನದು, ನಡೆಯೂ ಹೊರಗಿನದು. ಪದಗಳು ಮಾತ್ರ ಕನ್ನಡದವು. ಹೊಸಗನ್ನಡ ಭಾವಗೀತಕ್ಕೆ ಇವರು ಮೂಲಪುರುಷರೆಂಬ ಮಾತಿಗೆ ನಾವು ಒಪ್ಪದಿರುವುದು ಈ ಕಾರಣದಿಂದ. ಗೀತವನ್ನು ನಾಲ್ಕು ಸಾಲಿನ, ಎಂಟು ಸಾಲಿನ ಚಿಕ್ಕ ಪದ್ಯಗಳಾಗಿ ಅಚ್ಚಿನಲ್ಲಿ ಬಿಡಿಸಿ ತೋರಿಸಿದ್ದು, ದೇವರ ಮುಂದೆ ನಿಂತ ಒಬ್ಬನ ಪಶ್ಚಾತ್ತಾಪವನ್ನು ಉತ್ತಮಪುರುಷದಲ್ಲಿ ಸರಳವಾಗಿ ಹೇಳಿಸಿದ್ದು, ಇವು ಅವರ ಪಾಲಿಗೆ ಸಲ್ಲುವ ಗುಣಗಳು. ಎರಡನೆಯದಾದರೋ ದಾಸರ ಪದಗಳಲ್ಲಿ ಮೊದಲೇ ಇದ್ದುದು.

ಇಲ್ಲಿಯೇ ಈ ಇಬ್ಬರ ಚರಿತ್ರೆಯಲ್ಲಿ ಒಂದು ವಿಚಿತ್ರ ಸಂಗತಿ ಎದುರಾಗುತ್ತದೆ. ದಾಸರ ಪದಗಳನ್ನು ಮೊಟ್ಟಮೊದಲು ಪುಸ್ತಕವಾಗಿ ಹೊರತಂದವನು ಸಾಕ್ಷಾತ್ ಮೊಗ್ಲಿಂಗನೇ. ಕ್ಯಾಸಮೇಜರ್ ಎಂಬ ಆಂಗ್ಲ ಅಧಿಕಾರಿಯ ಧನಸಹಾಯದಿಂದ 1848ರಲ್ಲಿ ಆರಂಭವಾಗಿ 1853ರವರೆಗೆ ನಡೆದ ‘ಬಿಬ್ಲಿಯೋಥೆಕಾ ಕರ್ನಾಟಿಕಾ’ ಎಂಬ ಗ್ರಂಥಮಾಲೆಯಲ್ಲಿ ಜೈಮಿನಿ ಭಾರತ, ಬಸವಪುರಾಣಗಳ ಜೊತೆಗೆ ‘ದಾಸರ ಪದಗಳು’ 1850ರಲ್ಲಿ ಹೊರಬಿದ್ದವು. ಆ ಮಾಲೆಯ ಕೆಲಸದಲ್ಲಿ ವೈಗ್ಲೆಯೂ ಜೊತೆಗಾರ. ಬೆಳಿಗ್ಗೆ ಪುರಂದರದಾಸರ ಪದವನ್ನು ತಿದ್ದಿ ಕಲ್ಲಚ್ಚಿಗೆ ಕಳುಹಿಸಿ, ಸಂಜೆ ತಮ್ಮ ಸಭೆಗೆ ಜರ್ಮನ್ ಮಟ್ಟಿನ ಗೀತವನ್ನು ಕಲಿಸುತ್ತಿದ್ದ ಈ ಪಂಡಿತರಿಗೆ ಒಂದರ ಗುಣವು ಇನ್ನೊಂದಕ್ಕೆ ಬೇಕೆಂದು ತೋರಲಿಲ್ಲವೆ? ತೋರಿದ್ದರೂ ಕೈಗೂಡದೆ ಹೋಗುವುದಕ್ಕೆ ಕಾರಣಗಳಿದ್ದುವು. ಅವನ್ನು ಸಹಾನುಭೂತಿಯಿಂದ ನೋಡಬೇಕು.

ಒಂದನೆಯದು, ಹಾಡುವವರು ಯಾರು ಎಂಬುದು. ಮಂಗಳೂರಿನ ಸಭೆಗೆ ಸೇರಿದವರಲ್ಲಿ ಬಹುಮಂದಿ ತುಳು ಮನೆಮಾತಿನವರು. ಅದರಲ್ಲಿಯೂ ಬಿಲ್ಲವರು ಹೆಚ್ಚು. ಅವರಿಗಾಗಿ ಹೊಸ ಒಡಂಬಡಿಕೆಯು 1847ರಲ್ಲಿ ತುಳುವಿನಲ್ಲಿಯೇ ಅಚ್ಚಾಯಿತು. ಕನ್ನಡವು ಅವರಿಗೆ ಶಾಲೆಯ, ಕಚೇರಿಯ ಭಾಷೆ. ಮನೆಯಲ್ಲಿ ಆಡದ ಭಾಷೆಯ ಹ್ರಸ್ವದೀರ್ಘಗಳು ರಾಗದಲ್ಲಿ ಅಳಿದುಹೋದರೆ ಹಾಡುವವನಿಗೆ ನೋವಾಗುವುದು ಕಡಿಮೆ. ಈ ಗೀತಗಳ ಮೇಲೆ ನಾವು ಈಗ ಹೊರಿಸುವ ದೋಷವನ್ನು ಆ ಸಭೆಯು ದೋಷವೆಂದು ಎಣಿಸಿರಲಾರದು. ಎರಡನೆಯದು, ಕೀರ್ತನೆಯ ರಾಗತಾಳಗಳು ದೇವಸ್ಥಾನಕ್ಕೂ ಭಾಗವತರಾಟಕ್ಕೂ ಅಂಟಿಕೊಂಡಿದ್ದುವು. ಹಳೆಯದನ್ನು ಬಿಟ್ಟು ಬಂದವನಿಗೆ ಅದೇ ರಾಗವನ್ನು ಮತ್ತೆ ಕೊಡಲು ಉಪದೇಶಕನು ಹಿಂಜರಿಯುವುದು ಸಹಜವೇ. ಇದು ನಮ್ಮ ಊಹೆಯಾದರೂ ಅಸಾಧುವಾದ ಊಹೆಯಲ್ಲ.

ಆದರೆ ಅವರ ಸ್ವಂತ ನಾಡಿನ ಇತಿಹಾಸವೇ ಅವರಿಗೆ ಬೇರೆ ಪಾಠವನ್ನು ಹೇಳಬಹುದಾಗಿತ್ತು. ಲೂಥರನು ಕ್ರಿಸ್ಮಸ್ ಹಬ್ಬಕ್ಕೆಂದು ಕಟ್ಟಿದ ಪ್ರಸಿದ್ಧ ಗೀತಕ್ಕೆ ಮೊದಲು ತೆಗೆದುಕೊಂಡ ಮಟ್ಟು ಹಳ್ಳಿಯವರು ಒಗಟಿನಾಟದಲ್ಲಿ ಹಾಡುತ್ತಿದ್ದ ಮಟ್ಟು. ಪೌಲ್ ಗೆರ್ಹಾರ್ಟನ ಶುಭಶುಕ್ರವಾರದ ಗೀತವು ಇಂದು ಯಾವ ರಾಗದಲ್ಲಿ ಲೋಕವಿಖ್ಯಾತವಾಗಿದೆಯೋ ಆ ರಾಗವು 1601ರಲ್ಲಿ ಹಾಸ್ಲರನು ಒಂದು ಪ್ರಣಯಗೀತಕ್ಕೆ ಮಾಡಿದ್ದು. ಜರ್ಮನ್ ಸಭಾಗೀತವು ಗಂಭೀರವಾದದ್ದು ತರುವಾಯ. ಹುಟ್ಟಿನಲ್ಲಿ ಅದು ಬೀದಿಯದೂ ಮನೆಯದೂ ಆಗಿತ್ತು. ಲೂಥರನ ಕ್ರಮವನ್ನು ಮಂಗಳೂರಿನಲ್ಲಿ ಅನುಸರಿಸಿದ್ದರೆ ಪಾಡ್ದನಗಳ, ಯಕ್ಷಗಾನದ, ತ್ರಿಪದಿಯ ಮಟ್ಟುಗಳೇ ಗೀತಗಳಿಗೆ ಸಿಕ್ಕುತ್ತಿದ್ದುವು. ಅವರು ತಂದದ್ದು ಲೂಥರನ ಕ್ರಮವನ್ನಲ್ಲ, ಮುನ್ನೂರು ವರ್ಷಗಳ ತರುವಾಯ ಅದು ಪಡೆದ ರೂಪವನ್ನು.

ತಮಿಳಿನಲ್ಲಿ ಹೀಗಾಗಲಿಲ್ಲ. ತಂಜಾವೂರಿನ ವೇದನಾಯಕ ಶಾಸ್ತ್ರಿಗಳು (1774–1864) ಈ ಇಬ್ಬರಿಗಿಂತ ಮುಂಚೆಯೇ ಕ್ರಿಸ್ತಭಕ್ತಿಯನ್ನು ಕೀರ್ತನೆಗಳಲ್ಲಿ ತುಂಬಿದರು. ಕೊರವಂಜಿಯೆಂಬ ಕಣಿಹೇಳುವ ಹೆಂಗಸಿನ ಆಟವನ್ನೇ ತೆಗೆದುಕೊಂಡು ‘ಬೆತ್ಲೆಹೇಮ್ ಕುರವಂಜಿ’ಯನ್ನು ಬರೆದರು. ದಂಡಿನ ಪ್ರದೇಶದ ತಮಿಳು ಸಭೆಗಳಲ್ಲಿ ಪರಭಾಷೆಯಿಂದ ಬಂದ ಗೀತಗಳೂ ಉಂಟು, ಪಲ್ಲವಿಚರಣಗಳುಳ್ಳ ಕೀರ್ತನೆಗಳೂ ಉಂಟು; ಎರಡರ ನಡುವಣ ವ್ಯತ್ಯಾಸವನ್ನು ಬಾಗಿಲ ಹೊರಗೆ ನಿಂತವನೂ ಕಂಡುಕೊಳ್ಳಬಲ್ಲನು. ಮರಾಠಿಯಲ್ಲಿ ನಾರಾಯಣ ವಾಮನ ಟಿಳಕರು 1895ರಲ್ಲಿ ದೀಕ್ಷಾಸ್ನಾನ ಪಡೆದಮೇಲೆ ವಾರಕರಿ ಸಂತರ ಅಭಂಗದ ದಾರಿಯನ್ನೇ ಹಿಡಿದರು. ಆದರೆ ಶಾಸ್ತ್ರಿಗಳೂ ಟಿಳಕರೂ ಆಯಾ ಭಾಷೆಯನ್ನು ತಾಯಿಯ ಹಾಲಿನೊಡನೆ ಪಡೆದವರು. ಇಪ್ಪತ್ತು ವರ್ಷ ದಾಟಿದ ಮೇಲೆ ಕನ್ನಡವನ್ನು ಕಲಿತ ಇಬ್ಬರು ಪರದೇಶಸ್ಥರನ್ನು ಅವರೊಡನೆ ತಕ್ಕಡಿಯಲ್ಲಿಡುವುದು ನ್ಯಾಯವಲ್ಲವೆಂದು ಯಾರಾದರೂ ಹೇಳಿದರೆ ನಾವು ಒಪ್ಪುತ್ತೇವೆ. ನಮ್ಮ ಮಾತು ಅವರ ಯೋಗ್ಯತೆಯನ್ನು ಕುರಿತದ್ದಲ್ಲ, ಗೀತವನ್ನು ಕುರಿತದ್ದು.

ಪಲ್ಲವಿಯ ಮಾತನ್ನು ಇನ್ನಷ್ಟು ವಿವರಿಸಬೇಕು. ಛಂದಸ್ಸಿನ ದೋಷಕ್ಕಿಂತ ಇದು ಮುಖ್ಯವೆಂದು ನಮಗೆ ತೋರುತ್ತದೆ. ಜರ್ಮನ್ ಸಭಾಗೀತಕ್ಕೆ ಸಾಮಾನ್ಯವಾಗಿ ಪಲ್ಲವಿಯಿಲ್ಲ. ಎಲ್ಲರೂ ಎಲ್ಲ ಪದ್ಯಗಳನ್ನೂ ಮೊದಲಿನಿಂದ ಕೊನೆಯವರೆಗೆ ಹಾಡಬೇಕು. ಓದುಬಲ್ಲವರ ಕೈಯಲ್ಲಿ ಪುಸ್ತಕವಿದ್ದರೆ ಇದು ನಡೆಯುತ್ತದೆ. ಭಜನೆಯಲ್ಲಾದರೋ ಒಬ್ಬನು ಚರಣವನ್ನು ಹೇಳಿದರೆ ಸಾಕು, ಮಿಕ್ಕವರು ಪಲ್ಲವಿಯನ್ನು ಎತ್ತಿಕೊಳ್ಳುವರು. ಅಕ್ಷರ ಬಾರದ ಮುದುಕಿಯೂ ಎರಡನೆಯ ಸಲಕ್ಕೆ ಅದರಲ್ಲಿ ಸೇರುವಳು. ಅಮೇರಿಕದ ಮೂಡಿ ಮತ್ತು ಸ್ಯಾಂಕಿ ಎಂಬ ಇನ್ನೊಂದು ಜೋಡಿಯನ್ನು ಇಲ್ಲಿ ನೆನೆಯಬಹುದು. ಮೂಡಿಯು ಉಪದೇಶಕ, ಸ್ಯಾಂಕಿಯು ಗಾಯಕ. 1870ರಲ್ಲಿ ಒಬ್ಬರನ್ನೊಬ್ಬರು ಕಂಡು, 1873ರಿಂದ 1875ರವರೆಗೆ ಬ್ರಿಟನ್ನಿನಲ್ಲೆಲ್ಲ ಸಂಚರಿಸಿ, ಸುವಾರ್ತಾಗೀತವೆಂಬ ಜಾತಿಯನ್ನು ಲೋಕಪ್ರಿಯಗೊಳಿಸಿದರು. ಅವರ ಗೀತಗಳ ಜೀವವೆಲ್ಲ ಪದ್ಯಪದ್ಯದ ಕೊನೆಗೂ ಮರಳಿ ಬರುವ ಪಲ್ಲವಿಯಲ್ಲಿತ್ತು. ಅವು ಕಾವ್ಯದೃಷ್ಟಿಯಿಂದ ಗೆರ್ಹಾರ್ಟನ ಗೀತಗಳ ಮುಂದೆ ನಿಲ್ಲಲಾರವು. ಆದರೂ ಅಂತಹ ಗೀತಗಳು ನಮ್ಮ ದೇಶಕ್ಕೆ ಬಂದಾಗ ಸುಲಭವಾಗಿ ಹರಡಿದುವು. ಪಲ್ಲವಿಯನ್ನು ಕಾಣುತ್ತಲೇ ನಮ್ಮವರಿಗೆ ಅದು ಪರಿಚಿತವಾದ ಮನೆಯಂತೆ ತೋರಿರಬೇಕು. ಮೊಗ್ಲಿಂಗನು ‘ದಾಸರ ಪದಗಳ’ ಪುಟಪುಟದಲ್ಲಿಯೂ ಅದನ್ನು ಕಂಡಿದ್ದನು.

ಪದಗಳ ಕೊನೆಯಲ್ಲಿ ಬರುವ ಅಂಕಿತವನ್ನೂ ಅವನು ಕಂಡಿದ್ದನು. ‘ಪುರಂದರವಿಠಲ’ ಎಂದೊಡನೆ ಕರ್ತೃವು ಹಾಡುವವನ ನಾಲಗೆಯ ಮೇಲೆ ಬಂದು ನಿಲ್ಲುತ್ತಾನೆ. ಪುಸ್ತಕವು ಹರಿದರೂ ಹೆಸರು ಅಳಿಯದು. ಕ್ರಿಸ್ತಗೀತದ ಸಂಪ್ರದಾಯದಲ್ಲಿ ಕರ್ತೃವಿನ ಹೆಸರು ಪುಸ್ತಕದ ಅಂಚಿಗೆ ಸಂಬಂಧಪಟ್ಟದ್ದು, ಹಾಡಿಗಲ್ಲ. ಆದಕಾರಣ ಈ ಇಬ್ಬರ ಗೀತವನ್ನು ಹಾಡುವವರಲ್ಲಿ ಇವರ ಹೆಸರನ್ನು ಬಲ್ಲವರು ಅತಿ ವಿರಳ. ಗೀತವು ಉಳಿದು ಕವಿಯು ಅಳಿಯುವುದನ್ನು ಆ ಭಕ್ತರು ಬಹುಶಃ ಬಯಸಿಯೇ ಇದ್ದರು. ಸಾಹಿತ್ಯಚರಿತ್ರಕಾರನಿಗೆ ಮಾತ್ರ ಅದರಿಂದ ಕಷ್ಟ.

ಲೂಥರನ ಕ್ರಮವನ್ನು ಕನ್ನಡದಲ್ಲಿ ಹಿಡಿದವನು ಮೂರನೆಯವನು. ಫರ್ಡಿನಂಡ್ ಕಿಟ್ಟೆಲ್ 1853ರಲ್ಲಿ ಬಂದನು. 1862ರಲ್ಲಿ ಪ್ರಕಟವಾದ ಅವನ ‘ಕಥಾಮಾಲೆ’ಯು ಕ್ರಿಸ್ತನ ಚರಿತ್ರೆಯನ್ನು ನಮ್ಮ ದೇಶದ ಗಾನಪದ್ಧತಿಯಲ್ಲಿ ಹೇಳಿದ ಪದ್ಯಗ್ರಂಥ. ಮುಂದೆ 1875ರಲ್ಲಿ ನಾಗವರ್ಮನ ಛಂದೋಗ್ರಂಥವನ್ನು ಪರಿಷ್ಕರಿಸಿ, 1894ರಲ್ಲಿ ಮಹಾಕೋಶವನ್ನು ಮುಗಿಸಿದ ಪುರುಷನು ಕಾವ್ಯರಚನೆಯಲ್ಲಿಯೂ ಕಿವಿಯನ್ನು ತೆರೆದಿದ್ದನೆಂಬುದಕ್ಕೆ ಅದು ಸಾಕ್ಷಿ. ದಂಡಿನ ಪ್ರದೇಶದಲ್ಲಿ ಆಸ್ಟಿನ್ ಟೌನಿಗೆ ಅವನ ಹೆಸರನ್ನಿಟ್ಟು, ಮಹಾತ್ಮಾ ಗಾಂಧಿ ರಸ್ತೆಯಲ್ಲಿ ಅವನ ಪ್ರತಿಮೆಯನ್ನು ನಿಲ್ಲಿಸಿರುವುದು ಕೋಶಕ್ಕಾಗಿ, ‘ಕಥಾಮಾಲೆ’ಯನ್ನು ಕೇಳುವವರಿಲ್ಲ. ಆ ಹೊತ್ತಿಗೆ ವೈಗ್ಲೆಯು ತೀರಿ ಏಳು ವರ್ಷವಾಗಿತ್ತು. ಮೊಗ್ಲಿಂಗನು 1860ರಲ್ಲಿ ಸ್ವದೇಶಕ್ಕೆ ಹಿಂದಿರುಗಿದ್ದನು, 1881ರಲ್ಲಿ ಅಲ್ಲಿಯೇ ಕಾಲವಾದನು. ಕಿಟ್ಟೆಲನ ಕೃತಿಯು ಕಥನಕಾವ್ಯ. ವಾರವಾರವೂ ಸಭೆಯಲ್ಲಿ ಹಾಡುವ ಗೀತದ ಸ್ಥಳವನ್ನು ಅದು ತುಂಬುವಂತಹದಲ್ಲ. ಮುಂದೆ ಗೋವಿಂದ ಪೈಗಳ ‘ಗೊಲ್ಗೊಥಾ’ದಲ್ಲಿ ಕ್ರಿಸ್ತನ ಕಡೆಯ ದಿನವು ಪ್ರೌಢ ಕನ್ನಡದಲ್ಲಿ ಅವತರಿಸಿತು. ಅದು ಓದುವ ಕಾವ್ಯ, ಹಾಡುವುದಲ್ಲ.

ಇನ್ನು ತ್ರಿಪದಿಯ ಪ್ರಶ್ನೆ. ತ್ರಿಪದಿಯ ಹನ್ನೊಂದು ಗಣಗಳೂ ಅಂಶಗಣಗಳು. ಆರನೆಯದು, ಹತ್ತನೆಯದು ಬ್ರಹ್ಮಗಣ, ಉಳಿದುವು ವಿಷ್ಣುಗಣ. ಅಂಶಗಣದಲ್ಲಿ ಅಕ್ಷರಗಳು ಕಡಿಮೆಯಾದರೆ ಹಾಡುವವಳು ದನಿಯನ್ನು ಎಳೆದು ತುಂಬುತ್ತಾಳೆ, ಹೆಚ್ಚಾದರೆ ಒತ್ತರಿಸಿ ಅಡಗಿಸುತ್ತಾಳೆ. ಎಲ್ಲಿ ಎಳೆಯಬೇಕು, ಎಲ್ಲಿ ಎಳೆಯಬಾರದು ಎಂಬುದನ್ನು ಆ ಭಾಷೆಯಲ್ಲಿ ಬೆಳೆದ ಕಿವಿಯೇ ಹೇಳಬೇಕು. ಬೀಸುವ ಕಲ್ಲಿನ ಬಳಿ ಕುಳಿತವಳಿಗೆ ಬರುವ ಈ ವಿದ್ಯೆ ಲಕ್ಷಣಗ್ರಂಥದಿಂದ ಬಾರದು. ಮೊಗ್ಲಿಂಗ್–ವೈಗ್ಲೆಯವರಿಗೆ ಅದು ದಕ್ಕದಿದ್ದುದು ಆಶ್ಚರ್ಯವಲ್ಲ. ಉತ್ತಂಗಿಯವರಿಗೆ ಅದು ಹುಟ್ಟಿನಿಂದ ಬಂದಿತ್ತು. ಆದರೆ ಅವರು ಗೀತಕಾರರಾಗದೆ ಸಂಗ್ರಾಹಕರಾದರು. ಸಂಗ್ರಾಹಕರಾಗಿ ಅವರು ಮಾಡಿದ್ದನ್ನು ಕನ್ನಡಿಗರು ಮರೆಯಲಿಲ್ಲ. 1949ರಲ್ಲಿ ಕಲಬುರಗಿಯ ಸಾಹಿತ್ಯ ಸಮ್ಮೇಳನಕ್ಕೆ ಅವರನ್ನೇ ಅಧ್ಯಕ್ಷರನ್ನಾಗಿ ಆರಿಸಿದರು. ನೂರು ವರ್ಷಗಳ ಅಂತರದಲ್ಲಿ ಒಂದೇ ಸಭೆಗೆ ಸೇರಿದ ಇವರೆಲ್ಲರ ಹೆಚ್ಚಿನ ಸೇವೆಯು ಪರರ ಹಾಡನ್ನು ಕೂಡಿಸಿದ್ದರಲ್ಲಿಯೇ ಇದೆಯೆಂದು ಹೇಳಬೇಕಾಗಿದೆ: ಮೊಗ್ಲಿಂಗನಿಗೆ ‘ದಾಸರ ಪದಗಳು’, ಉತ್ತಂಗಿಯವರಿಗೆ ಸರ್ವಜ್ಞ.

ಹಾಗೆಂದು ಈ ಗೀತಗಳನ್ನು ಬದಿಗಿಡಬೇಕೆಂದು ನಾವು ಹೇಳುತ್ತಿಲ್ಲ. ಹಾಳೆಯ ಮೇಲೆ ಗಣಹಾಕಿ ನೋಡಿದಾಗ ಕುಂಟುವ ಸಾಲು ಇನ್ನೂರು ಕಂಠಗಳಲ್ಲಿ ಕುಂಟದೆ ಹೋಗುವುದನ್ನು ನಾವು ಕೇಳಿದ್ದೇವೆ. ಸಾವಿನ ಮನೆಯಲ್ಲಿ ಆ ನಿಧಾನವಾದ ಮಟ್ಟಿಗೆ ಒಂದು ಶಕ್ತಿಯುಂಟು, ಅಲ್ಲಿ ಹ್ರಸ್ವದೀರ್ಘಗಳನ್ನು ಎಣಿಸುವವನು ರಸಿಕನಲ್ಲ. ತಲೆಮಾರುಗಳ ಬಳಕೆಯು ಎಷ್ಟೋ ಕಡೆ ರಾಗವನ್ನೇ ಕನ್ನಡದ ಉಚ್ಚಾರಕ್ಕೆ ಬಾಗಿಸಿದೆ, ಸಮಸ್ವರಗಳನ್ನು ಒಡೆದು ಲಘುಗುರುಗಳನ್ನಾಗಿ ಮಾಡಿಕೊಂಡಿದೆ. ಈ ತಿದ್ದುಪಾಟನ್ನು ಮಾಡಿದವರು ಕವಿಗಳಲ್ಲ, ಸಭೆಯಲ್ಲಿ ಹಾಡಿದ ಹೆಂಗಸರು ಮಕ್ಕಳು. ಆದುದರಿಂದ ಈ ಗೀತಗಳನ್ನು ಪಠ್ಯದಲ್ಲಿ ಸೇರಿಸುವ ಅಧ್ಯಾಪಕರು ಅವನ್ನು ಬಿ. ಎಂ. ಶ್ರೀಯವರ ಗೀತಗಳ ಹಿಂದಿನ ಪುಟದಲ್ಲಿಡದೆ ‘ದಾಸರ ಪದಗಳ’ ಮುಂದಿನ ಪುಟದಲ್ಲಿಡುವುದು ಮೇಲು. ಅವನ್ನು ಅಚ್ಚುಮಾಡಿಸುವ ಸಂಪಾದಕರು ಮೂಲದ ಜರ್ಮನ್ ರಾಗವನ್ನು ಒಂದು ಸಾಲಿನಲ್ಲಿಯೂ, ಮಂಗಳೂರು, ಧಾರವಾಡ, ಬೆಂಗಳೂರುಗಳ ಸಭೆಗಳಲ್ಲಿ ಈಗ ಹಾಡುವ ಕ್ರಮವನ್ನು ಅದರ ಕೆಳಗಿನ ಸಾಲಿನಲ್ಲಿಯೂ ಸ್ವರಪ್ರಸ್ತಾರದೊಡನೆ ಬರೆದು ತೋರಿಸಬೇಕು. ಬೆನ್ಸನ್ ಟೌನಿನಲ್ಲಿ 1910ರಲ್ಲಿ ಸ್ಥಾಪಿತವಾದ ದೇವತಾಶಾಸ್ತ್ರ ಕಾಲೇಜು ಕುಕ್ ಟೌನಿನಿಂದ ದೂರವಿಲ್ಲ. ಹಳೆಯ ಗೀತಪುಸ್ತಕಗಳನ್ನು ಓದಲು ಅಲ್ಲಿಗೂ, ಅವು ಏನಾದುವೆಂದು ಕೇಳಲು ನೆರೆಯ ಬೀದಿಗಳ ಕನ್ನಡ ಸಭೆಗಳಿಗೂ ಒಂದೇ ದಿನ ಹೋಗಿ ಬರಬಹುದು.